ಒಬ್ಬ ಡಿಜೆ ಕೆಲಸ ಮಾಡಿದ ಕಟ್ಟಡ ಸ್ಮಾರಕ ಆದದ್ದು ಯಾಕೆ?

ಷಿಕಾಗೊದ ಸೌತ್ ಜೆಫರ್ಸನ್ ಸ್ಟ್ರೀಟ್‌ನಲ್ಲಿ 206ನೇ ನಂಬರಿನ ಒಂದು ಕಟ್ಟಡ ಇದೆ. ಮೂರು ಮಹಡಿ. ಕಳೆದ ಶತಮಾನದ ಆರಂಭದಲ್ಲಿ ಕಾರ್ಖಾನೆ, ಗೋದಾಮಿನ ಕೆಲಸಕ್ಕೆಂದು ಕಟ್ಟಿದ್ದು. ರಸ್ತೆಯಲ್ಲಿ ಹೋಗುವವರು ನಿಂತು ನೋಡುವಂಥದ್ದೇನೂ ಅದರಲ್ಲಿಲ್ಲ. 2023ರ ಜೂನ್ 21ರಂದು ಷಿಕಾಗೊ ನಗರಸಭೆ ಇದನ್ನು ಸಂರಕ್ಷಿತ ಸ್ಮಾರಕಗಳ ಪಟ್ಟಿಗೆ ಸೇರಿಸಿತು. 1977ರಿಂದ ಕೆಲವು ವರ್ಷ ಇಲ್ಲಿ ‘ವೇರ್‌ಹೌಸ್’ ಅನ್ನೋ ಗೇ ಕ್ಲಬ್ ಇತ್ತು. ಫ್ರ್ಯಾಂಕಿ ನಕಲ್ಸ್ ಅನ್ನೋ ಡಿಜೆ ಅಲ್ಲಿ ರಾತ್ರಿಯಿಡೀ ರೆಕಾರ್ಡ್ ಹಾಕುತ್ತಿದ್ದರು. ಇಂದು ಜಗತ್ತೆಲ್ಲ ಕುಣಿಯುವ ಹೌಸ್ ಸಂಗೀತಕ್ಕೆ ಆ ಹೆಸರು ಬಂದದ್ದೂ ಈ ಕ್ಲಬ್ಬಿನಿಂದಲೇ.

ಈ ತೀರ್ಮಾನದ ಬಗ್ಗೆ ಗೊಂದಲ ಆಗುವುದು ಸಹಜ. ನಮ್ಮ ಊರುಗಳಲ್ಲಿ ಡಿಜೆ ಅಂದರೆ ಗಣೇಶನ ಮೆರವಣಿಗೆಯಲ್ಲಿ ಗಾಡಿ ಮೇಲೆ ಪೇರಿಸಿದ ಸ್ಪೀಕರ್ ಪೆಟ್ಟಿಗೆಗಳು, ಅದಕ್ಕೆ ಪೊಲೀಸರ ನಿಷೇಧ, ಇಲ್ಲವೇ ಮದುವೆಯ ಗಲಾಟೆ. ಬೇರೆಯವರ ಹಾಡು ಹಾಕುವವರಿಗೆ ಸ್ಮಾರಕ ಯಾಕೆ? ಗೇ ಕ್ಲಬ್ ಒಂದು ಊರಿನ ಪರಂಪರೆ ಆಗುವುದು ಹೇಗೆ? ಕ್ಲಬ್ ಹೋಗಿ 40 ವರ್ಷ ಆದ ಮೇಲೆ ಬರೀ ಗೋಡೆ ಕಾಪಾಡಿ ಏನು ಬಂತು?

ಮೊದಲ ಎರಡು ಪ್ರಶ್ನೆಗಳಿಗೆ ನಕಲ್ಸ್ ಅವರ ವೃತ್ತಿಜೀವನವೇ ಉತ್ತರ ಕೊಡುತ್ತದೆ. ಮೂರನೆಯದು ಕಷ್ಟದ ಪ್ರಶ್ನೆ. ಹೌಸ್ ಸಂಗೀತ ಹುಟ್ಟಲು ಕೆಲವು ಅನುಕೂಲಗಳು ಒಟ್ಟಿಗೆ ಸೇರಿ ಬಂದಿದ್ದವು: ಕಡಿಮೆ ಬಾಡಿಗೆಯ ಜಾಗ, ಬೆಳಗಿನವರೆಗೆ ತೆರೆದ ಬಾಗಿಲು, ಪ್ರತಿ ವಾರ ಬರುವ ಅದೇ ಜನ, ಒಂದೇ ಕಡೆ ವರ್ಷಗಟ್ಟಲೆ ನಿಂತ ಒಬ್ಬ ಡಿಜೆ. ಇವುಗಳಲ್ಲಿ ಕಾನೂನು ಕಾಪಾಡಲು ಸಾಧ್ಯವಾದದ್ದು ಕಟ್ಟಡವನ್ನು ಮಾತ್ರ. ಆ ತೀರ್ಮಾನದ ಶಕ್ತಿಯೂ ಮಿತಿಯೂ ಅಲ್ಲೇ ಇವೆ.

2023ರಲ್ಲೇ ಯಾಕೆ?

ಕಟ್ಟಡ 2022ರ ಕೊನೆಗೆ ಮಾರಾಟವಾಯಿತು. ಅದು ಇರುವ ಪ್ರದೇಶ ಮೊದಲಿನಂತೆ ಗೋದಾಮುಗಳ ಬೀದಿಯಾಗಿ ಉಳಿದಿಲ್ಲ. ವೆಸ್ಟ್ ಲೂಪ್ ಎಂಬ ಆ ಭಾಗದಲ್ಲಿ ಕಾರ್ಪೊರೇಟ್ ಕಚೇರಿ, ದುಬಾರಿ ಅಪಾರ್ಟ್‌ಮೆಂಟ್ ಎದ್ದು ನಿಂತಿವೆ. ಅಂಥ ಜಾಗದಲ್ಲಿ ಹಳೆಯ ಮೂರು ಮಹಡಿ ಕಟ್ಟಡ ಕೈ ಬದಲಾದರೆ ಮುಂದೇನು ಅಂತ ಯಾರಾದರೂ ಊಹಿಸಬಹುದು. ಪ್ರಿಸರ್ವೇಶನ್ ಷಿಕಾಗೊ ಎಂಬ ಸಂಸ್ಥೆ 2023ರ ಆರಂಭದಲ್ಲಿ ಇದನ್ನು ನಗರದ ಅತ್ಯಂತ ಅಪಾಯದಲ್ಲಿರುವ 7 ತಾಣಗಳ ಪಟ್ಟಿಯಲ್ಲಿ ಸೇರಿಸಿತು. ಸಾವಿರಾರು ಜನ ಸಹಿ ಹಾಕಿದರು.

ಹವಾ ಕೂಡ ಅನುಕೂಲವಾಗಿತ್ತು. 2022ರಲ್ಲಿ ಬಿಯಾನ್ಸೆ ಹೌಸ್ ಸಂಗೀತದ ನೆಲೆಯ ಮೇಲೇ ಒಂದು ಆಲ್ಬಂ ತಂದಿದ್ದರು. ಷಿಕಾಗೊದಲ್ಲಿ ಹುಟ್ಟಿ ಬೆಳೆದ ಟ್ರಾನ್ಸ್ ಮಹಿಳೆ, ಡಿಜೆ ಹನಿ ಡಿಜಾನ್ ಅದರಲ್ಲಿ ಕೆಲಸ ಮಾಡಿದ್ದರು. 2023ರ ಫೆಬ್ರುವರಿಯಲ್ಲಿ ಅದಕ್ಕೆ ನೃತ್ಯ ಸಂಗೀತದ ಗ್ರ್ಯಾಮಿ ಬಂತು. ಈ ಸಂಗೀತ ಕಪ್ಪು ಜನರ ಗೇ ಕ್ಲಬ್ಬುಗಳಿಂದ ಬಂದದ್ದು ಅನ್ನೋ ಮಾತು, ಅದನ್ನು ಯಾವತ್ತೂ ಕೇಳದವರ ಕಿವಿಗೂ ಬಿತ್ತು.

ಷಿಕಾಗೊ ಕಾನೂನಿನಲ್ಲಿ ಸ್ಮಾರಕ ಆಗಲು 7 ಮಾನದಂಡಗಳಿವೆ. ಕನಿಷ್ಠ 2ಕ್ಕಾದರೂ ಹೊಂದಬೇಕು, ಜೊತೆಗೆ ಕಟ್ಟಡ ತನ್ನ ಹಳೆಯ ರೂಪವನ್ನು ಸಾಕಷ್ಟು ಉಳಿಸಿಕೊಂಡಿರಬೇಕು. ವಾಸ್ತುಶಿಲ್ಪ ಆ ಮಾನದಂಡಗಳಲ್ಲಿ ಒಂದು, ಅಷ್ಟೇ. ನಗರದ ಇತಿಹಾಸಕ್ಕೆ ಮುಖ್ಯವಾದ ಘಟನೆ, ಮುಖ್ಯವಾದ ವ್ಯಕ್ತಿ ಇವೂ ಲೆಕ್ಕಕ್ಕೆ ಬರುತ್ತವೆ. ಹಾಗಾಗಿ ‘ಇದರಲ್ಲಿ ಅಂದ ಏನಿದೆ’ ಅನ್ನೋ ಆಕ್ಷೇಪ ಕಾನೂನಿನ ಮುಂದೆ ನಿಲ್ಲುವುದಿಲ್ಲ. ಅಲ್ಲಿ ಏನು ನಡೆಯಿತು, ಯಾರು ನಡೆಸಿದರು ಅನ್ನೋದೇ ಮುಖ್ಯ.

ಕೆಲಸ ಕಲಿತದ್ದು ಎಲ್ಲಿ

ಫ್ರ್ಯಾಂಕಿ ನಕಲ್ಸ್ ಹುಟ್ಟಿದ್ದು 1955ರ ಜನವರಿ 18ರಂದು, ನ್ಯೂಯಾರ್ಕಿನ ಬ್ರಾಂಕ್ಸ್‌ನಲ್ಲಿ. ಹದಿಹರೆಯದಲ್ಲೇ ಲ್ಯಾರಿ ಲೆವಾನ್ ಎಂಬ ಗೆಳೆಯನ ಜೊತೆ ಕ್ಲಬ್ಬುಗಳಿಗೆ ಹೋಗತೊಡಗಿದರು. ಇಬ್ಬರೂ ಕಪ್ಪು ಹುಡುಗರು, ಇಬ್ಬರೂ ಗೇ. ನಿಕಿ ಸಿಯಾನೊ ನಡೆಸುತ್ತಿದ್ದ ‘ಗ್ಯಾಲರಿ’ ಕ್ಲಬ್ಬಿನಲ್ಲಿ ಸಣ್ಣಪುಟ್ಟ ಕೆಲಸ ಮಾಡುತ್ತಾ, ಡಿಜೆ ಒಬ್ಬರು ಜನರನ್ನು ಹೇಗೆ ಹಿಡಿದು ನಿಲ್ಲಿಸುತ್ತಾರೆ ಅಂತ ಹತ್ತಿರದಿಂದ ನೋಡಿದರು. ಆಮೇಲೆ ‘ಕಾಂಟಿನೆಂಟಲ್ ಬಾತ್ಸ್’ ಸೇರಿದರು. ಅದು ಮ್ಯಾನ್‌ಹ್ಯಾಟನ್‌ನ ಅನ್ಸೋನಿಯಾ ಹೋಟೆಲ್ಲಿನ ನೆಲಮಾಳಿಗೆಯಲ್ಲಿದ್ದ ಗೇ ಸ್ನಾನಗೃಹ. ಅಲ್ಲಿ ಈಜುಕೊಳವೂ ಇತ್ತು, ಕುಣಿಯುವ ಜಾಗವೂ ಇತ್ತು, ಹಾಡುಗಾರರಿಗೆ ವೇದಿಕೆಯೂ ಇತ್ತು. ಗಾಯಕಿ ಬೆಟ್ ಮಿಡ್ಲರ್ ಹೆಸರು ಮಾಡಿದ್ದು ಅಲ್ಲಿ ಹಾಡಿಯೇ.

ಅವರ ವೃತ್ತಿಯ ಅಡಿಪಾಯ ಗೇ ಜಾಗಗಳಲ್ಲೇ ಬಿತ್ತು, ಅದಕ್ಕೊಂದು ಕಾರಣ ಇದೆ. ಆ ಕಾಲದ ಅಮೆರಿಕದಲ್ಲಿ ಇಬ್ಬರು ಗಂಡಸರು ಹೊರಗೆ ನಾಲ್ಕು ಜನರ ಎದುರು ಕೈ ಹಿಡಿದು ಕುಣಿಯುವಂತಿರಲಿಲ್ಲ. ಗೇ ಬಾರ್‌ಗಳ ಮೇಲೆ ಪೊಲೀಸ್ ದಾಳಿ ಮಾಮೂಲು. ಅಂಥವರಿಗೆ ವಾರಕ್ಕೊಮ್ಮೆ ಸಿಗುವ ಸುರಕ್ಷಿತ ರಾತ್ರಿ ತುಂಬ ಬೆಲೆಯುಳ್ಳದ್ದು. ಅವರು ಗಂಟೆ ನೋಡಿ ಮನೆಗೆ ಹೊರಡುವ ಜನ ಅಲ್ಲ. ಬೆಳಗಿನವರೆಗೂ ಇರುತ್ತಿದ್ದರು. ಹೀಗಾಗಿ ಡಿಜೆಗೆ ಎಂಟು ಹತ್ತು ಗಂಟೆಯ ಹೊತ್ತು ಸಿಗುತ್ತಿತ್ತು. ಮೂರು ನಿಮಿಷದ ರೇಡಿಯೊ ಹಾಡುಗಳನ್ನು ಒಂದಾದ ಮೇಲೆ ಒಂದು ಹಾಕಿ ಅಷ್ಟು ಹೊತ್ತು ತುಂಬಲು ಆಗುವುದಿಲ್ಲ. ರಾತ್ರಿಯನ್ನು ಕಟ್ಟಬೇಕು.

ಯಕ್ಷಗಾನದ ಭಾಗವತರನ್ನು ನೆನೆಸಿಕೊಂಡರೆ ಇದು ಸುಲಭವಾಗಿ ತಿಳಿಯುತ್ತದೆ. ಯಾವ ಪದ್ಯ ಎಳೆಯಬೇಕು, ಎಲ್ಲಿ ಕಾಲ ಏರಿಸಬೇಕು, ಬೆಳಗಿನ ಜಾವ ತೂಕಡಿಸುವ ಸಭೆಯನ್ನು ಹೇಗೆ ಎಬ್ಬಿಸಬೇಕು ಅನ್ನೋದು ಅವರ ಕೈಯಲ್ಲಿ. ಡಿಜೆಯ ಕೆಲಸವೂ ಅದೇ ಜಾತಿಯದು. ಪದ್ಯ ಬೇರೆಯವರು ಬರೆದದ್ದು ಅಂತ ಭಾಗವತರನ್ನು ಯಾರೂ ಕಡೆಗಣಿಸುವುದಿಲ್ಲ ಅಲ್ವಾ?

ವೇರ್‌ಹೌಸ್ ಬಾಗಿಲ ಒಳಗೆ

ನ್ಯೂಯಾರ್ಕಿನಲ್ಲಿ ಈ ಹುಡುಗರನ್ನು ಬಲ್ಲ ರಾಬರ್ಟ್ ವಿಲಿಯಮ್ಸ್ ಷಿಕಾಗೊಗೆ ಬಂದು ಒಂದು ಕ್ಲಬ್ ತೆಗೆಯಲು ಹೊರಟರು. ಮೊದಲು ಕರೆದದ್ದು ಲೆವಾನ್ ಅವರನ್ನು. ಲೆವಾನ್ ನ್ಯೂಯಾರ್ಕ್ ಬಿಡಲಿಲ್ಲ. ಅಲ್ಲೇ ‘ಪ್ಯಾರಡೈಸ್ ಗರಾಜ್’ ಕ್ಲಬ್ಬಿನ ದೊಡ್ಡ ಹೆಸರಾದರು. ಎರಡನೇ ಆಯ್ಕೆಯಾಗಿ ನಕಲ್ಸ್ 1977ರಲ್ಲಿ ಷಿಕಾಗೊಗೆ ಬಂದರು. ಆಗ ಅವರಿಗೆ 22 ವರ್ಷ.

ಇಲಿನಾಯ್ ರಾಜ್ಯ ಸಲಿಂಗಕಾಮವನ್ನು ಅಪರಾಧದ ಪಟ್ಟಿಯಿಂದ ತೆಗೆದದ್ದು 1962ರಲ್ಲಿ. ಅಮೆರಿಕದಲ್ಲೇ ಮೊದಲು. ಆದರೆ ಅಪರಾಧ ಅಲ್ಲ ಅಂದ ಮಾತ್ರಕ್ಕೆ ಜಾಗ ಸಿಗುವುದಿಲ್ಲ. ಕಪ್ಪು ಗೇ ಹುಡುಗರಿಗಂತೂ ಕಷ್ಟ ಎರಡು ಪಟ್ಟು. ಬಿಳಿಯರ ಗೇ ಬಾರ್‌ಗಳ ಬಾಗಿಲಲ್ಲಿ ಬಿಳಿಯರನ್ನು ಸುಮ್ನೆ ಒಳಗೆ ಬಿಟ್ಟು, ಕಪ್ಪು ಹುಡುಗರಿಗೆ ಎರಡು ಮೂರು ಗುರುತಿನ ಚೀಟಿ ತೋರಿಸು ಅನ್ನೋ ರೂಢಿ ಇತ್ತು. ಚೀಟಿ ತೋರಿಸಿದರೂ ಇನ್ನೊಂದು ನೆಪ.

ವೇರ್‌ಹೌಸ್ ಇದಕ್ಕೆ ಉತ್ತರವಾಗಿ ಬಂತು. ಅದು ಸದಸ್ಯರ ಕ್ಲಬ್. ಮದ್ಯ ಇಲ್ಲ, ಹಣ್ಣಿನ ರಸ ಇತ್ತು. ಇದು ಸಣ್ಣ ವಿಷಯವಲ್ಲ. ಮದ್ಯ ಮಾರದಿದ್ದರೆ ಮದ್ಯದ ಪರವಾನಗಿ ಬೇಡ. ಪರವಾನಗಿ ಇಲ್ಲದಿದ್ದರೆ ಬಾರ್‌ಗಳಿಗೆ ಇರುವ ಮುಚ್ಚುವ ಸಮಯದ ನಿಯಮವೂ ಅನ್ವಯಿಸುವುದಿಲ್ಲ. ಹೀಗೆ ಶನಿವಾರ ರಾತ್ರಿ ಶುರುವಾದದ್ದು ಭಾನುವಾರ ಬೆಳಿಗ್ಗೆ ದಾಟಿ ಹೋಗುತ್ತಿತ್ತು. 21 ತುಂಬದ ಹುಡುಗರೂ ಬರಬಹುದಿತ್ತು. ಮನೆಯಿಂದ ಹೊರಬಿದ್ದ, ಹೊರಹಾಕಿಸಿಕೊಂಡ ಮಕ್ಕಳಿಗೆ ಇದು ಎಷ್ಟು ದೊಡ್ಡ ಆಸರೆ ಅಂತ ಬೇರೆ ಹೇಳಬೇಕಿಲ್ಲ. ಭಾನುವಾರ ಚರ್ಚಿನ ಬಾಗಿಲು ತಮಗೆ ಮುಚ್ಚಿದೆ ಅಂದುಕೊಂಡವರಿಗೆ ಇದೇ ಚರ್ಚ್ ಎಂಬ ಅರ್ಥದಲ್ಲಿ ನಕಲ್ಸ್ ಮುಂದೆ ಹೇಳಿಕೊಂಡಿದ್ದರು. ಅದು ಬರೀ ಅಲಂಕಾರದ ಮಾತಲ್ಲ. ಅವರು ಹಾಕುತ್ತಿದ್ದ ರೆಕಾರ್ಡುಗಳಲ್ಲಿ ಗಾಸ್ಪೆಲ್, ಅಂದರೆ ಕಪ್ಪು ಜನರ ಚರ್ಚುಗಳ ಭಕ್ತಿಗಾಯನದ ಏರಿಳಿತ ಜಾಸ್ತಿ ಇರುತ್ತಿತ್ತು.

ಊರಿನ ಒಂದು ರೆಕಾರ್ಡ್ ಅಂಗಡಿ ‘ವೇರ್‌ಹೌಸ್‌ನಲ್ಲಿ ಕೇಳಿದ್ದು’ ಅಂತ ಚೀಟಿ ಅಂಟಿಸಿ ಹಳೆಯ ಡಿಸ್ಕೊ ಡಿಸ್ಕುಗಳನ್ನು ಮಾರತೊಡಗಿತು. ಕ್ರಮೇಣ ಗಿರಾಕಿಗಳು ‘ಹೌಸ್’ ಇದೆಯಾ ಅಂತ ಕೇಳಲು ಶುರು ಮಾಡಿದರು.

1979ರ ಒಂದು ರಾತ್ರಿ

ಡಿಸ್ಕೊ ಆಗ ಅಮೆರಿಕದ ತುಂಬ ಹಬ್ಬಿತ್ತು. ಅದರ ಮೇಲೆ ಸಿಟ್ಟೂ ಅಷ್ಟೇ ಹಬ್ಬಿತ್ತು. ಷಿಕಾಗೊದ ರೇಡಿಯೊ ನಿರೂಪಕ ಸ್ಟೀವ್ ಡಾಲ್ ಅವರ ಸ್ಟೇಷನ್ ರಾಕ್ ಬಿಟ್ಟು ಡಿಸ್ಕೊ ಹಿಡಿದಾಗ ಅವರ ಕೆಲಸ ಹೋಯಿತು. ಬೇರೆ ಸ್ಟೇಷನ್ ಸೇರಿ ಡಿಸ್ಕೊ ವಿರುದ್ಧ ಪ್ರಚಾರ ಶುರು ಮಾಡಿದರು. 1979ರ ಜುಲೈ 12ರಂದು ಕೊಮಿಸ್ಕಿ ಪಾರ್ಕ್ ಬೇಸ್‌ಬಾಲ್ ಮೈದಾನದಲ್ಲಿ, ಒಂದು ಡಿಸ್ಕೊ ರೆಕಾರ್ಡ್ ತಂದವರಿಗೆ 98 ಸೆಂಟ್‌ಗೆ ಟಿಕೆಟ್. ಎರಡು ಪಂದ್ಯಗಳ ನಡುವೆ ರೆಕಾರ್ಡುಗಳ ರಾಶಿಯನ್ನು ಸಿಡಿಸಿದರು. ಸಾವಿರಾರು ಜನ ಮೈದಾನಕ್ಕೆ ನುಗ್ಗಿದರು. ಎರಡನೇ ಪಂದ್ಯ ನಡೆಯಲೇ ಇಲ್ಲ. ಆತಿಥೇಯ ತಂಡ ಅದನ್ನು ಬಿಟ್ಟುಕೊಡಬೇಕಾಯಿತು.

ಇದರ ಅರ್ಥದ ಬಗ್ಗೆ ಇವತ್ತಿಗೂ ಜಗಳ ಇದೆ. ಅದು ಸಂಗೀತದ ಅಭಿರುಚಿಯ ವಿಷಯ, ಜನಾಂಗ ದ್ವೇಷವೂ ಅಲ್ಲ, ಗೇ ದ್ವೇಷವೂ ಅಲ್ಲ ಅಂತ ಡಾಲ್ ಹೇಳುತ್ತಲೇ ಬಂದಿದ್ದಾರೆ. ಆ ದಿನ ಮೈದಾನದಲ್ಲಿ ಜನರಿಗೆ ಸೀಟು ತೋರಿಸುವ ಕೆಲಸ ಮಾಡುತ್ತಿದ್ದ ಕಪ್ಪು ಹುಡುಗ ವಿನ್ಸ್ ಲಾರೆನ್ಸ್ ಬೇರೆಯದನ್ನೇ ಕಂಡರು. ಜನ ತಂದು ಎಸೆದ ರೆಕಾರ್ಡುಗಳಲ್ಲಿ ಡಿಸ್ಕೊ ಅಲ್ಲದ, ಬರೀ ಕಪ್ಪು ಗಾಯಕರವು ಬೇಕಾದಷ್ಟಿದ್ದವು ಅಂತ ಅವರು ಮುಂದೆ ಹೇಳಿದರು. ಆಯೋಜಕರ ಉದ್ದೇಶ ಏನೇ ಇರಲಿ, ಕಪ್ಪು ಜನರ ಮತ್ತು ಸಲಿಂಗಿಗಳ ಸಂಗೀತ ಅಂತ ಗುರುತಾದದ್ದನ್ನು ಜನ ಗುಂಪುಗಟ್ಟಿ ಸುಟ್ಟರು. ಅದನ್ನು ಆ ಜನ ಹಾಗೇ ಓದಿಕೊಂಡರು. ಈ ಓದಿಗೆ ಹೆಚ್ಚು ತೂಕ ಕೊಡಬೇಕು. ಇದೇ ವಿನ್ಸ್ ಲಾರೆನ್ಸ್ ಮುಂದೆ 1984ರಲ್ಲಿ ಜೆಸ್ಸಿ ಸಾಂಡರ್ಸ್ ಜೊತೆ ಸೇರಿ ಹೌಸ್‌ನ ಮೊಟ್ಟಮೊದಲ ರೆಕಾರ್ಡುಗಳಲ್ಲಿ ಒಂದನ್ನು ತಂದರು.

ಸಂಗೀತದ ಮಟ್ಟಿಗೆ ಆದ ಪರಿಣಾಮ ಇನ್ನೂ ಮುಖ್ಯ. ದೊಡ್ಡ ಕಂಪನಿಗಳು ಡಿಸ್ಕೊದಿಂದ ಕೈ ತೊಳೆದುಕೊಂಡವು. ಹೊಸ ರೆಕಾರ್ಡುಗಳು ಬರುವುದು ಕಡಿಮೆಯಾಯಿತು. ಆದರೆ ವೇರ್‌ಹೌಸ್‌ಗೆ ಪ್ರತಿ ಶನಿವಾರ ಜನ ಬರುವುದು ನಿಲ್ಲಲಿಲ್ಲ. ಅವರಿಗೆ ಹೊಸದು ಬೇಕು. ಕೈಯಲ್ಲಿರುವುದು ಹಳೆಯದು. ಹೌಸ್ ಹುಟ್ಟಿದ್ದು ಈ ಬಿಕ್ಕಟ್ಟಿನಿಂದ.

ಬ್ಲೇಡು, ಟೇಪು, ಡ್ರಮ್ ಮೆಷಿನ್

ನಕಲ್ಸ್ ಮತ್ತು ಶಬ್ದ ತಂತ್ರಜ್ಞಾನ ಓದುತ್ತಿದ್ದ ಗೆಳೆಯ ಎರಾಸ್ಮೊ ರಿವೇರಾ ಹಳೆಯ ಹಾಡುಗಳನ್ನು ಟೇಪಿಗೆ ಇಳಿಸಿಕೊಳ್ಳುತ್ತಿದ್ದರು. ಆಗ ಕಂಪ್ಯೂಟರ್ ಎಡಿಟಿಂಗ್ ಇಲ್ಲ. ಟೇಪನ್ನು ಕೈಯಿಂದ ಹಿಂದೆ ಮುಂದೆ ಎಳೆದು, ಡ್ರಮ್ ಏಟು ಬೀಳುವ ಕಡೆ ಪೆನ್ಸಿಲ್ಲಿನಲ್ಲಿ ಗುರುತು ಹಾಕಿ, ಬ್ಲೇಡಿನಿಂದ ಕತ್ತರಿಸಿ, ಇನ್ನೊಂದು ತುಂಡಿಗೆ ಅಂಟಿಸಬೇಕು. ಕೂದಲೆಳೆ ತಪ್ಪಿದರೂ ತಾಳ ಮುಗ್ಗರಿಸುತ್ತದೆ, ಕುಣಿಯುವವರ ಕಾಲು ತಪ್ಪುತ್ತದೆ. ಹೀಗೆ ಹಾಡಿನಲ್ಲಿ ಕೆಲವೇ ಸೆಕೆಂಡು ಬರುವ ಬರೀ ಡ್ರಮ್ಮಿನ ಭಾಗವನ್ನು ಮತ್ತೆ ಮತ್ತೆ ಜೋಡಿಸಿ ನಿಮಿಷಗಟ್ಟಲೆ ಹಿಗ್ಗಿಸಿದರು. ಗಾಯಕಿಯ ಒಂದು ಕೂಗನ್ನು ತಡೆದಿಟ್ಟು, ಜನ ಕಾಯುವಂತೆ ಮಾಡಿ, ಆಮೇಲೆ ಬಿಟ್ಟರು. ನಡುವೆ ಇಡೀ ಕತ್ತಲೆ ಕೋಣೆಯಲ್ಲಿ ಉಗಿಬಂಡಿ ಓಡಿದ ಸದ್ದು ಹಾಕಿದ್ದನ್ನು ಹೋದವರು ಇವತ್ತಿಗೂ ಹೇಳುತ್ತಾರೆ.

ಮುಂದಿನ ಹೆಜ್ಜೆ ಯಂತ್ರದ್ದು. 1982ರ ಕೊನೆಯ ಹೊತ್ತಿಗೆ ನಕಲ್ಸ್ ವೇರ್‌ಹೌಸ್ ಬಿಟ್ಟರು. ಪ್ರವೇಶದ ಶುಲ್ಕ ಏರಿತು, ಬರುವ ಜನ ಬದಲಾದರು ಅನ್ನೋದು ಕಾರಣ. ‘ಪವರ್ ಪ್ಲಾಂಟ್’ ಎಂಬ ತಮ್ಮದೇ ಕ್ಲಬ್ ತೆರೆದರು. ಡಿಟ್ರಾಯ್ಟ್‌ನ ಸಂಗೀತಗಾರ ಡೆರಿಕ್ ಮೇ ಅವರಿಂದ ಒಂದು ರೋಲ್ಯಾಂಡ್ ಟಿಆರ್-909 ಡ್ರಮ್ ಮೆಷಿನ್ ಕೊಂಡರು. ಈ ಯಂತ್ರ ಜಪಾನಿನ ಕಂಪನಿಗೆ ವ್ಯಾಪಾರದಲ್ಲಿ ಸೋಲು ತಂದಿತ್ತು. ನಿಜವಾದ ಡ್ರಮ್ಮಿನ ಹಾಗೆ ಕೇಳಿಸುವುದಿಲ್ಲ ಅಂತ ವಾದ್ಯಗಾರರು ಬೇಡ ಅಂದರು. ಹೆಚ್ಚು ದಿನ ತಯಾರಾಗಲಿಲ್ಲ. ಸೋತ ಯಂತ್ರಗಳು ಸೆಕೆಂಡ್ ಹ್ಯಾಂಡ್ ಅಂಗಡಿಗೆ ಅಗ್ಗಕ್ಕೆ ಬಂದವು. ದುಡ್ಡಿಲ್ಲದ ಹುಡುಗರ ಕೈಗೆ ಸಿಕ್ಕಿದ್ದು ಆ ಕಾರಣಕ್ಕೇ. ನಿಮಿಷಕ್ಕೆ 120ರ ಆಸುಪಾಸಿನ ವೇಗದಲ್ಲಿ ಪ್ರತಿ ತಾಳಕ್ಕೂ ಬೀಳುವ ಆ ‘ಧಡ್’ ಹಳೆಯ ಹಾಡುಗಳ ಅಡಿಯಲ್ಲಿ ಸೇರಿತು. ಕೆಲವೇ ವರ್ಷದಲ್ಲಿ ಹಳೆಯ ಹಾಡೇ ಬೇಡವಾಗಿ, ಆ ಯಂತ್ರಗಳ ಮೇಲೇ ಹೊಸ ಹಾಡುಗಳು ಬಂದವು. ನಕಲ್ಸ್ ಗಾಯಕ ಜೇಮಿ ಪ್ರಿನ್ಸಿಪಲ್ ಜೊತೆ ಮಾಡಿದವು ಅವುಗಳಲ್ಲಿ ಮುಖ್ಯವಾದವು.

ಇಲ್ಲೊಂದು ವಿಷಯ ನಮ್ಮವರಲ್ಲಿ ತಪ್ಪಾಗಿ ಹರಡಿದೆ. ಮುಂಬೈನ ಚರಣ್‌ಜಿತ್ ಸಿಂಗ್ 1982ರಲ್ಲೇ ಇದೇ ರೋಲ್ಯಾಂಡ್ ಕಂಪನಿಯ ಯಂತ್ರಗಳ ಮೇಲೆ ರಾಗಗಳನ್ನು ನುಡಿಸಿ ರೆಕಾರ್ಡ್ ತಂದಿದ್ದರು. ಅಂಥದೇ ಯಂತ್ರಗಳಿಂದ ಬಂದ ಹೌಸ್‌ನ ಒಂದು ಬಗೆ, ಷಿಕಾಗೊದ ಆಸಿಡ್ ಹೌಸ್, 1987ರಲ್ಲಿ ಡಿಸ್ಕಿಗೆ ಬಂತು. ಹಾಗಾಗಿ ಹೌಸ್ ಹುಟ್ಟಿದ್ದು ಭಾರತದಲ್ಲಿ ಅಂತ ವಾದಿಸುವವರಿದ್ದಾರೆ. ಸಿಂಗ್ ಅವರ ಕೆಲಸ ಅದ್ಭುತ, ಅದರಲ್ಲಿ ಎರಡು ಮಾತಿಲ್ಲ. ಆದರೆ ಆ ರೆಕಾರ್ಡ್ ಮಾರಾಟವಾಗದೆ ಮರೆತುಹೋಗಿತ್ತು. ಲೋಕದ ಗಮನಕ್ಕೆ ಬಂದದ್ದು ಎರಡು ದಶಕ ಕಳೆದ ಮೇಲೆ. ಒಂದೇ ಯಂತ್ರ ಎರಡು ಊರಲ್ಲಿ ಎರಡು ದಾರಿ ಹಿಡಿಯಿತು. ಷಿಕಾಗೊದಲ್ಲಿ ಅದನ್ನು ಸಾಕಿ ಬೆಳೆಸಲು ಪ್ರತಿ ವಾರ ಕುಣಿಯುವ ಜನರಿದ್ದರು. ಮುಂಬೈನಲ್ಲಿ ಇರಲಿಲ್ಲ.

ರಾತ್ರಿಗಳು ಹೋದದ್ದು ಹೇಗೆ

1980ರ ದಶಕದಲ್ಲಿ ಏಡ್ಸ್ ಬಂತು. ಈ ಕ್ಲಬ್ಬುಗಳ ಜನರನ್ನೇ ಅದು ಮೊದಲು ಹೊಡೆಯಿತು. ಕುಣಿಯುವವರು, ಹಾಡು ಬರೆಯುವವರು, ಕ್ಲಬ್ ನಡೆಸುವವರು ಎಲ್ಲರೂ. ಪ್ಯಾರಡೈಸ್ ಗರಾಜ್ 1987ರ ಸೆಪ್ಟೆಂಬರ್‌ನಲ್ಲಿ ಮುಚ್ಚಿತು. ಅದರ ಮಾಲೀಕ ಮೈಕೆಲ್ ಬ್ರೋಡಿ ಅದೇ ವರ್ಷ ಏಡ್ಸ್‌ನಿಂದ ತೀರಿಕೊಂಡರು. ತಮ್ಮದು ಅನ್ನೋ ಕ್ಲಬ್ ಇಲ್ಲದ ಲೆವಾನ್‌ಗೆ ಆಮೇಲೆ ಅಂಥ ನೆಲೆ ಸಿಗಲೇ ಇಲ್ಲ. ಡ್ರಗ್ಸ್ ಅವರನ್ನು ಹಿಂಡಿತು. 1992ರಲ್ಲಿ 38ನೇ ವಯಸ್ಸಿಗೆ ಹೃದಯ ನಿಂತು ಹೋದರು. ವೇರ್‌ಹೌಸ್ ನಂತರ ಬಂದ ‘ಮ್ಯೂಸಿಕ್ ಬಾಕ್ಸ್’ ಕ್ಲಬ್ಬಿನ ಡಿಜೆ ರಾನ್ ಹಾರ್ಡಿ ಕೂಡ ಅದೇ ವರ್ಷ ಹೋದರು. ಷಿಕಾಗೊದ ಹುಡುಗರು ತಾವು ಮನೆಯಲ್ಲಿ ಮಾಡಿದ ಟೇಪುಗಳನ್ನು ತಂದು ಕೊಡುತ್ತಿದ್ದದ್ದು ಹಾರ್ಡಿ ಕೈಗೆ. ಅವರ ಹೆಸರಿಗೆ ಸಿಕ್ಕ ಗೌರವ ಇವತ್ತಿಗೂ ಸಾಲದು.

ಇನ್ನೊಂದು ಏಟು ಕಾನೂನಿನದು. 1980ರ ದಶಕದ ಉತ್ತರಾರ್ಧದಲ್ಲಿ ಷಿಕಾಗೊ ನಗರ ಮದ್ಯವಿಲ್ಲದ ಜ್ಯೂಸ್ ಬಾರ್‌ಗಳಿಗೂ ಮುಚ್ಚುವ ಸಮಯ ಕಟ್ಟಿತು. ವೇರ್‌ಹೌಸ್ ಮಾದರಿಯ ಬುಡವೇ ಅಲುಗಾಡಿತು. ಬೆಳಗಿನವರೆಗಿನ ರಾತ್ರಿ ಇಲ್ಲ ಅಂದರೆ ಅಷ್ಟು ಉದ್ದದ ಸಂಗೀತವೂ ಇಲ್ಲ. ಈಗ ಅದೇ ಊರು ಅದೇ ಮಾದರಿಯ ಮೊದಲ ಕಟ್ಟಡಕ್ಕೆ ಸ್ಮಾರಕದ ಪಟ್ಟ ಕಟ್ಟಿದೆ. ಈ ಎರಡೂ ತೀರ್ಮಾನಗಳನ್ನು ಒಟ್ಟಿಗೆ ಇಟ್ಟು ನೋಡಬೇಕು.

ಆ ಹೊತ್ತಿಗೆ ನಕಲ್ಸ್ ನ್ಯೂಯಾರ್ಕಿಗೆ ಮರಳಿದರು. ಡೇವಿಡ್ ಮೊರಾಲಿಸ್, ಜೂಡಿ ವೈನ್‌ಸ್ಟೈನ್ ಅವರ ಡೆಫ್ ಮಿಕ್ಸ್ ತಂಡ ಸೇರಿದರು. ಮೈಕೆಲ್ ಜಾಕ್ಸನ್, ಡಯಾನಾ ರಾಸ್ ಅಂಥವರ ಹಾಡುಗಳಿಗೆ ಕುಣಿಯುವ ರೂಪ ಕೊಟ್ಟರು. 1998ರಲ್ಲಿ ಗ್ರ್ಯಾಮಿಯವರು ರೀಮಿಕ್ಸ್ ಮಾಡುವವರಿಗೆಂದು ಹೊಸ ಪ್ರಶಸ್ತಿ ಶುರು ಮಾಡಿದಾಗ ಮೊದಲು ಅದನ್ನು ಪಡೆದವರು ಇವರೇ. 2004ರಲ್ಲಿ ಷಿಕಾಗೊ ಆ ಹಳೆಯ ಕಟ್ಟಡದ ಬೀದಿಗೆ ಅವರ ಹೆಸರಿಟ್ಟಿತು. ಆಗ ರಾಜ್ಯದ ಸೆನೆಟರ್ ಆಗಿದ್ದ ಬರಾಕ್ ಒಬಾಮ ಅದಕ್ಕೆ ಬೆಂಬಲ ಕೊಟ್ಟವರಲ್ಲಿ ಒಬ್ಬರು. ಸಕ್ಕರೆ ಕಾಯಿಲೆ ಉಲ್ಬಣಿಸಿ 2008ರಲ್ಲಿ ಒಂದು ಪಾದ ತೆಗೆಯಬೇಕಾಯಿತು. ಆಮೇಲೂ ಕೆಲಸ ಬಿಡಲಿಲ್ಲ. 2014ರ ಮಾರ್ಚ್ ಕೊನೆಯ ವಾರಾಂತ್ಯ ಲಂಡನ್ನಿನ ಕ್ಲಬ್ಬಿನಲ್ಲಿ ನುಡಿಸಿ ಬಂದು, ಮಾರ್ಚ್ 31ರಂದು ತೀರಿಕೊಂಡರು. 59 ವರ್ಷ.

ದುಡ್ಡಿನ ಲೆಕ್ಕ

ಡಿಜೆಯ ಕೆಲಸ ಅಲ್ಲೇ ನಡೆದು ಅಲ್ಲೇ ಮುಗಿಯುತ್ತದೆ. ಆ ರಾತ್ರಿಯ ಸಂಬಳ ಸಿಗುತ್ತದೆ. ಹಾಡು ಬರೆದವರಿಗೆ, ಹಾಡಿದವರಿಗೆ ಇರುವ ಕಾಪಿರೈಟ್ ಡಿಜೆ ಕಟ್ಟಿದ ರಾತ್ರಿಗೆ ಇಲ್ಲ. ರೀಮಿಕ್ಸ್ ಮಾಡಿದವರಿಗೂ ಸಾಮಾನ್ಯವಾಗಿ ಒಂದು ಸಲ ಕೊಡುವ ಶುಲ್ಕ ಅಷ್ಟೇ, ಹಾಡು ಎಷ್ಟೇ ಮಾರಿದರೂ. ಹಾಗಾಗಿ ಈ ವೃತ್ತಿಯಲ್ಲಿ ದುಡ್ಡು ಸೇರುವ ಜಾಗ ಎರಡು: ಕ್ಲಬ್ಬಿನ ಮಾಲೀಕರು ಮತ್ತು ರೆಕಾರ್ಡ್ ಕಂಪನಿ.

ಷಿಕಾಗೊದ ಮೊದಲ ಹೌಸ್ ರೆಕಾರ್ಡುಗಳಲ್ಲಿ ಬಹಳಷ್ಟು ಬಂದದ್ದು ಟ್ರಾಕ್ಸ್ ರೆಕಾರ್ಡ್ಸ್ ಎಂಬ ಕಂಪನಿಯಿಂದ. ನಕಲ್ಸ್ ಅವರವೂ ಅಲ್ಲೇ ಬಂದವು. ಇಪ್ಪತ್ತರ ಆಸುಪಾಸಿನ ಹುಡುಗರು, ವಕೀಲರಿಲ್ಲ, ಕಾಗದದ ಜ್ಞಾನ ಇಲ್ಲ. ಅವರಲ್ಲಿ ಇಬ್ಬರು, ಲ್ಯಾರಿ ಹರ್ಡ್ ಮತ್ತು ರಾಬರ್ಟ್ ಓವೆನ್ಸ್, ತಮ್ಮ ಹಾಡುಗಳ ರಾಯಲ್ಟಿ ಬಂದಿಲ್ಲ ಅಂತ 2020ರಲ್ಲಿ ಆ ಕಂಪನಿಯ ಮೇಲೆ ಮೊಕದ್ದಮೆ ಹೂಡಿದರು. 2022ರಲ್ಲಿ ರಾಜಿ ಆಯಿತು, ಅವರ ಹಾಡುಗಳು ಅವರ ಕೈಗೆ ವಾಪಸ್ ಬಂದವು. ಆ ಬಳಿಕ ಅದೇ ಕಾಲದ ಇನ್ನೂ ಹಲವರು ಕೋರ್ಟಿಗೆ ಹೋದರು. ಹಾಡು ಮಾಡಿ ಸುಮಾರು 35 ವರ್ಷ ಆದ ಮೇಲೆ.

ಯಾರು ಏನು ಹೇಳುತ್ತಾರೆ

ಸ್ಮಾರಕ ಬೇಕು ಅನ್ನುವವರ ವಾದ ಸರಳ. ಗೇ ಜನರ ಇತಿಹಾಸ ನಡೆದದ್ದು ಬಾಡಿಗೆ ಕಟ್ಟಡಗಳಲ್ಲಿ, ನೆಲಮಾಳಿಗೆಗಳಲ್ಲಿ. ಅವರ ಹೆಸರಿನಲ್ಲಿ ಅರಮನೆ, ದೇವಾಲಯ ಇಲ್ಲ. ಅಂದದ ಕಟ್ಟಡಕ್ಕೇ ಕಾಯುತ್ತಾ ಕೂತರೆ ಈ ಜನರ ಒಂದು ಗುರುತೂ ಉಳಿಯುವುದಿಲ್ಲ.

ಆಸ್ತಿಯ ಕಡೆಯಿಂದ ಬರುವ ವಾದ ಬೇರೆ. ಸ್ಮಾರಕ ಆದ ಮೇಲೆ ಹೊರಗೋಡೆ ಮುಟ್ಟಲು, ಕೆಡವಲು ಸಮಿತಿಯ ಒಪ್ಪಿಗೆ ಬೇಕು. ಬೆಲೆ ಏರಿದ ಜಾಗದಲ್ಲಿ ಎತ್ತರಕ್ಕೆ ಕಟ್ಟುವ ಅವಕಾಶ ಹೋಗುತ್ತದೆ. ಆ ನಷ್ಟವನ್ನು ಒಬ್ಬ ಮಾಲೀಕರ ತಲೆಗೆ ಕಟ್ಟುವುದು ನ್ಯಾಯವೇ ಅನ್ನೋ ಪ್ರಶ್ನೆ ಸುಳ್ಳಲ್ಲ.

ಮೂರನೇ ದನಿ ಹೌಸ್ ಲೋಕದ ಒಳಗಿನದು, ನನಗೆ ಹೆಚ್ಚು ಗಟ್ಟಿ ಅನ್ನಿಸುವುದೂ ಅದೇ. ಒಂದು ಕಟ್ಟಡ, ಒಂದು ಹೆಸರು ಎತ್ತಿ ಹಿಡಿದರೆ ಹಾರ್ಡಿಯಂಥವರು ಮರೆಗೆ ಸರಿಯುತ್ತಾರೆ. ಹೌಸ್ ಅಂದರೆ ಷಿಕಾಗೊದ ಹೆಮ್ಮೆ ಅಂತ ಪ್ರವಾಸಿಗಳಿಗೆ ಹೇಳುವಾಗ ಗೇ ಅನ್ನೋ ಮಾತು ಮೆಲ್ಲನೆ ಜಾರಿಹೋಗುತ್ತದೆ. ಅದಕ್ಕಿಂತ ಹೆಚ್ಚಾಗಿ, ಸತ್ತ ಕ್ಲಬ್ಬಿಗೆ ಗೌರವ ಸಿಗುತ್ತದೆ, ಬದುಕಿರುವ ಕ್ಲಬ್ಬಿಗೆ ಏನು ಸಿಕ್ಕಿತು? ಅದೇ 2023ರ ನವೆಂಬರ್‌ನಲ್ಲಿ, ಸ್ಮಾರಕ ಘೋಷಣೆ ಆಗಿ 5 ತಿಂಗಳಲ್ಲಿ, 1983ರಿಂದ ನಡೆದುಬಂದ ಷಿಕಾಗೊದ ‘ಬರ್ಲಿನ್’ ನೈಟ್‌ಕ್ಲಬ್ ಮುಚ್ಚಿತು. ಸಿಬ್ಬಂದಿ ಒಳ್ಳೆಯ ಸಂಬಳ ಮತ್ತು ಆರೋಗ್ಯ ವಿಮೆಗಾಗಿ ಯೂನಿಯನ್ ಕಟ್ಟಿ ಹೋರಾಟಕ್ಕಿಳಿದಿದ್ದರು. ಮಾಲೀಕರು ನಡೆಸಲು ಆಗುವುದಿಲ್ಲ ಅಂದರು. ಎರಡು ಕಡೆಯಲ್ಲೂ ದುಡ್ಡು ಸಾಲದು ಅನ್ನೋದೇ ಮಾತು.

ಗೋಡೆ ಬಿಟ್ಟು ಬೇರೆ ಏನನ್ನು ಕಾಪಾಡಬಹುದು

ಬೇರೆ ದಾರಿಗಳನ್ನು ಹಿಡಿದ ಊರುಗಳಿವೆ. 2016ರಲ್ಲಿ ಜರ್ಮನಿಯ ನ್ಯಾಯಾಲಯವೊಂದು ಬರ್ಲಿನ್ ನಗರದ ‘ಬರ್ಗೈನ್’ ಕ್ಲಬ್ಬಿನ ರಾತ್ರಿಗಳು ಸಂಗೀತ ಕಛೇರಿಗೆ ಸಮ ಅಂತ ಒಪ್ಪಿತು. ಅದೂ ಗೇ ಪಾರ್ಟಿಗಳಿಂದಲೇ ಬೆಳೆದ ಕ್ಲಬ್. ಪರಿಣಾಮವಾಗಿ ಟಿಕೆಟ್ ಮೇಲಿನ ತೆರಿಗೆ 19 ಶೇಕಡಾ ಬದಲು 7 ಶೇಕಡಾ. ಇದು ಗೋಡೆಗೆ ಸಿಕ್ಕ ರಕ್ಷಣೆ ಅಲ್ಲ, ನಡೆಯುತ್ತಿರುವ ಕೆಲಸಕ್ಕೆ ಸಿಕ್ಕದ್ದು. ನ್ಯೂಯಾರ್ಕ್ 1926ರಿಂದ ಇದ್ದ, ಕುಣಿತಕ್ಕೂ ಪರವಾನಗಿ ಬೇಕು ಅನ್ನೋ ಕಾನೂನನ್ನು 2017ರಲ್ಲಿ ತೆಗೆದುಹಾಕಿತು. ಮುಂದಿನ ವೇರ್‌ಹೌಸ್‌ಗೆ ಇಂಥ ಕ್ರಮಗಳೇ ಹೆಚ್ಚು ಸಹಾಯ ಮಾಡುತ್ತವೆ.

ಷಿಕಾಗೊದಲ್ಲೂ ಪೂರ್ತಿ ಕತ್ತಲಿಲ್ಲ. 1982ರಲ್ಲಿ ನಕಲ್ಸ್ ಅವರೇ ನುಡಿಸಿ ಶುರು ಮಾಡಿದ ‘ಸ್ಮಾರ್ಟ್‌ಬಾರ್’ ಇನ್ನೂ ನಡೆಯುತ್ತಿದೆ. ಅಲ್ಲಿ ಭಾನುವಾರಗಳಂದು ‘ಕ್ವೀನ್’ ಹೆಸರಿನ ಗೇ ಹೌಸ್ ರಾತ್ರಿ ದಶಕಕ್ಕೂ ಹೆಚ್ಚು ಕಾಲ ನಡೆದುಕೊಂಡು ಬಂದಿದೆ, ಸ್ಥಳೀಯ ಡಿಜೆಗಳದೇ ಬಲದಲ್ಲಿ. ನಕಲ್ಸ್ ಸಂಗ್ರಹಿಸಿದ್ದ ಸಾವಿರಾರು ರೆಕಾರ್ಡುಗಳು ನಗರದ ದಕ್ಷಿಣ ಭಾಗದ ಸ್ಟೋನಿ ಐಲ್ಯಾಂಡ್ ಆರ್ಟ್ಸ್ ಬ್ಯಾಂಕ್‌ನಲ್ಲಿವೆ. ಗೋಡೆಗಿಂತ ಹೆಚ್ಚು ಅವರ ಕೈಗುರುತು ಇರುವುದು ಆ ಡಿಸ್ಕುಗಳ ಮೇಲೆ.

ಸದ್ಯಕ್ಕೆ ಎಲ್ಲಕ್ಕಿಂತ ಅವಸರದ ವಿಷಯ ಕಾಗದದ್ದು. ಅಮೆರಿಕದ ಕಾಪಿರೈಟ್ ಕಾನೂನಿನಲ್ಲಿ, 1978ರ ನಂತರ ಹಕ್ಕು ಬರೆದುಕೊಟ್ಟ ಕಲಾವಿದರು ಸಾಮಾನ್ಯವಾಗಿ 35 ವರ್ಷದ ಬಳಿಕ ಅದನ್ನು ವಾಪಸ್ ಕೇಳಬಹುದು. ಆ ಅವಕಾಶ 5 ವರ್ಷ ಮಾತ್ರ ತೆರೆದಿರುತ್ತದೆ. ಕನಿಷ್ಠ 2 ವರ್ಷ ಮೊದಲೇ ನೋಟಿಸ್ ಕೊಡಬೇಕು. ಷಿಕಾಗೊ ಹೌಸ್‌ನ ಮುಖ್ಯ ರೆಕಾರ್ಡುಗಳು ಬಂದದ್ದು 1984ರಿಂದ 1990ರ ನಡುವೆ. ಅಂದರೆ ಮೊದಲು ಬಂದವರಿಗೆ ಗಡುವು ದಾಟಿದೆ, ಕೊನೆಗೆ ಬಂದವರಿಗೆ ಈಗಷ್ಟೇ ಸ್ವಲ್ಪ ಸಮಯ ಉಳಿದಿದೆ. ಯಾವ ಹಾಡಿಗೆ ಯಾವ ದಿನ ಸಹಿ ಬಿತ್ತು ಅಂತ ತೋರಿಸುವ ಕಾಗದ ಹುಡುಕಿಸಿ, ವಕೀಲರ ಫೀಸು ಕೊಟ್ಟು, ಆ ನೋಟಿಸ್ ಕಳಿಸುವ ಕೆಲಸಕ್ಕೆ ನಗರವೋ ಸಂಸ್ಥೆಗಳೋ ಈ ವಯಸ್ಸಾದ ಸಂಗೀತಗಾರರ ಜೊತೆ ನಿಲ್ಲಬಹುದು. ಅದಕ್ಕೆ ಕಟ್ಟಡ ಕಾಪಾಡುವಷ್ಟು ದುಡ್ಡೂ ಬೇಕಿಲ್ಲ.